ಯೆರಾ ಕೊಡಲಾರದ ಮೂರು ನಿಲುಗಡೆ

ನಮ್ಮ ಪೊದ್‌ಬ್ರೆಸ್ತ್ ಎಂಬ ಬೆಟ್ಟದೂರಿನಲ್ಲಿ ಹೆಸರು ಮನೆಗೆ ಸೇರಿದ್ದು, ಮನುಷ್ಯರಿಗಲ್ಲ. ಇಗರ್ಜಿಯ ಪಕ್ಕದ ಮನೆಗೆ ಗಂಟೆಮನೆ ಎಂದು ಹೆಸರು. ಅಲ್ಲಿ ಯಾರು ಬಂದು ನೆಲೆಸಿದರೂ ಅವರು ಗಂಟೆಮನೆಯವರೇ. ನನ್ನ ಮುತ್ತಜ್ಜಿ ಯೆರಾ ಬೆಟ್ಟದಾಚೆಯಿಂದ ಮದುವೆಯಾಗಿ ಬಂದ ದಿನವೇ ಗಂಟೆಮನೆಯ ಯೆರಾ ಆದಳು. ಅವಳ ತವರಿನ ಮನೆಯ ಹೆಸರು ಈಗ ನಮ್ಮಲ್ಲಿ ಯಾರಿಗೂ ಗೊತ್ತಿಲ್ಲ.

ಗಂಟೆ ಬಾರಿಸುವುದು ಅವಳ ಗಂಡ ಪ್ರಿಮೋಜನ ಕೆಲಸ. ಗೋಪುರದಲ್ಲಿ ಮೂರು ಗಂಟೆಗಳಿದ್ದವು. ನಡುವಿನದು ಬೆಳಗು, ಮಧ್ಯಾಹ್ನ, ಸಂಜೆಗೆ. ದೊಡ್ಡದು ಹಬ್ಬಕ್ಕೆ, ಮತ್ತೆ ಬೇಸಿಗೆಯಲ್ಲಿ ಆಲಿಕಲ್ಲಿನ ಮೋಡ ಬೆಟ್ಟ ಹತ್ತಿ ಬಂದಾಗ ಅದನ್ನು ಒಡೆದು ಓಡಿಸುವುದಕ್ಕೆ. ಚಿಕ್ಕದು ಸಾವಿಗೆ. ಯಾರಾದರೂ ತೀರಿಕೊಂಡರೆ ಚಿಕ್ಕ ಗಂಟೆ ಬಾರಿಸುತ್ತ ನಡುನಡುವೆ ನಿಲ್ಲಿಸಬೇಕು. ಹೆಂಗಸಾದರೆ ಎರಡು ಸಲ, ಗಂಡಸಾದರೆ ಮೂರು ಸಲ. ಹುಲ್ಲು ಕೊಯ್ಯುತ್ತಿದ್ದವರು ಕುಡುಗೋಲಿನ ಉದ್ದ ಹಿಡಿಯನ್ನು ನೆಲಕ್ಕೂರಿ ಎಣಿಸುತ್ತಿದ್ದರು. ಎಣಿಕೆ ಮುಗಿದ ಮೇಲೆ ಟೋಪಿ ತೆಗೆದು, ಯಾರ ಮನೆಯೆಂದು ಗೋಪುರದ ಬಳಿ ಕೇಳಿಕೊಂಡು ಆ ಮನೆಯ ಕಡೆ ನಡೆಯುತ್ತಿದ್ದರು.

ಯುದ್ಧಕ್ಕೆ ಕರೆ ಬಂದಾಗ ಪ್ರಿಮೋಜ್ ಹೆಂಡತಿಯನ್ನು ಗೋಪುರಕ್ಕೆ ಕರೆದುಕೊಂಡು ಹೋಗಿ ಹಗ್ಗ ಹಿಡಿಯುವುದನ್ನು ಕಲಿಸಿದ.

"ಚಿಕ್ಕದು ಹೇಳಿದ ಮಾತು ಕೇಳತ್ತೆ. ಹಗ್ಗದ ಮೇಲೆ ಕೈ ಇಟ್ರೆ ಸಾಕು, ಸುಮ್ಮನಾಗತ್ತೆ. ದೊಡ್ಡದರ ಹತ್ರ ಒಬ್ಬಳೇ ಹೋಗ್ಬೇಡ, ಇಬ್ಬರು ಬೇಕು. ಅದು ಒಂದ್ಸಲ ಶುರುವಾದ್ರೆ ಯಾರ ಮಾತೂ ಕೇಳಲ್ಲ."

"ಥೇಟ್ ನಿಮ್ಮಮ್ಮನ ಹಾಗೆ," ಎಂದಳು ಯೆರಾ.

ಪ್ರಿಮೋಜ್ ನಕ್ಕ. "ನಂಗೆ ಬಾರಿಸೋ ದಿನ ಬಂದ್ರೆ ಮೂರೂ ನಿಲುಗಡೆ ಸರಿಯಾಗಿ ಕೊಡು ಮಾರಾಯ್ತಿ. ಎರಡಕ್ಕೇ ಬಿಟ್ರೆ ಊರವರು ನಿನ್ನ ಹೂಳೋಕೆ ಬಂದುಬಿಡ್ತಾರೆ."

ಅವಳು ಅವನ ಬೆನ್ನಿಗೊಂದು ಗುದ್ದಿದಳು. ಮೂರನೆಯ ದಿನ ಅವನು ಹೊರಟ.

ಯುದ್ಧ ಸೋಚಾ ನದಿಯ ದಂಡೆಯಲ್ಲಿ ಬಿಡಾರ ಹೂಡಿತ್ತು. ಪಶ್ಚಿಮದ ಗಾಳಿ ಬೀಸಿದರೆ ಫಿರಂಗಿಗಳ ಗುಡುಗು ನಮ್ಮೂರಿಗೂ ಕೇಳುತ್ತಿತ್ತು. ಎರಡು ವರ್ಷಗಳಲ್ಲಿ ಯೆರಾ ಏಳು ಗಂಡಸರಿಗೆ ಚಿಕ್ಕ ಗಂಟೆ ಬಾರಿಸಿದಳು. ಏಳರಲ್ಲಿ ಒಬ್ಬನ ದೇಹವೂ ಮನೆಗೆ ಬರಲಿಲ್ಲ. ಗಂಟೆಯೊಂದೇ ಅವರಿಗೆ ಊರಿನಲ್ಲಾದ ಶವಸಂಸ್ಕಾರ. ಪ್ರತಿ ಸಲವೂ ಅವಳು ಮೂರನೆಯ ನಿಲುಗಡೆಯನ್ನು ಸ್ವಲ್ಪ ಹೆಚ್ಚು ಹೊತ್ತು ಹಿಡಿಯುತ್ತಿದ್ದಳು.

ಆಮೇಲೆ ಫಿರಂಗಿಗೆ ಲೋಹ ಬೇಕೆಂದು ಸೈನ್ಯದ ಆಜ್ಞೆ ಬಂತು. ಒಂದು ಗಂಟೆ ಊರಿಗೆ, ಎರಡು ಸೈನ್ಯಕ್ಕೆ. ಭಾನುವಾರ ಪೂಜೆ ಮುಗಿದ ಮೇಲೆ ಮನೆಗಳ ಯಜಮಾನರು ಲಿಂಡೆನ್ ಮರದ ಕೆಳಗೆ ಸೇರಿದರು. ಊರಿನ ಮುಖ್ಯಸ್ಥ ಗಾಶ್ಪೆರ್ ದೊಡ್ಡ ಗಂಟೆ ಉಳಿಯಲಿ ಎಂದ. ಅವನ ಮಾತಿನಲ್ಲಿ ತಪ್ಪಿರಲಿಲ್ಲ. ಹಿಂದಿನ ಬೇಸಿಗೆಯ ಆಲಿಕಲ್ಲು ಅರ್ಧ ಊರಿನ ಬೆಳೆಯನ್ನು ಜಜ್ಜಿಹಾಕಿತ್ತು.

ಯೆರಾ ಹೆಂಗಸರ ಸಾಲಿನಿಂದ ಮುಂದೆ ಬಂದಳು. "ಗಾಶ್ಪೆರ್ ಮಾವ, ಚಿಕ್ಕದು ಹೋದ್ರೆ ಸೋಚಾ ದಂಡೇಲಿ ಇರೋರಿಗೆ ಏನು ಬಾರಿಸ್ಲಿ?"

"ದೊಡ್ಡದನ್ನೇ ಬಾರಿಸು. ಗಂಟೆ ಅಂದ್ರೆ ಗಂಟೆ ತಾನೆ?"

"ಅದು ನಿಲ್ಲಲ್ಲ ಮಾವ. ನಿಲ್ದೇ ಇದ್ರೆ ಯಾರಿಗೆ ಏನು ಗೊತ್ತಾಗತ್ತೆ?"

"ಹೆಂಗಸರ ಕೈಗೆ ನಿಲ್ಲಲ್ಲ ಅನ್ನು." ಒಂದಿಬ್ಬರು ನಕ್ಕರು. "ನೋಡಮ್ಮ, ಹುಲ್ಲು ಹೋದ್ರೆ ಹಸು ಹೋಗತ್ತೆ, ಹಸು ಹೋದ್ರೆ ನಾವು. ಸಾವಿನ ಗಂಟೆ ಇಟ್ಕೊಂಡು ಚಳಿಗಾಲ ಪೂರ್ತಿ ಅದನ್ನೇ ಬಾರಿಸ್ತಾ ಕೂತ್ಕೋಬೇಕಾ?"

ದೊಡ್ಡದರ ಪರವಾಗಿ ಕೈಗಳು ಮೇಲೆದ್ದವು. ಚಿಕ್ಕದರ ಪರವಾಗಿ ಯೆರಾ ಶಾಲಿನಿಂದ ಕೈ ಹೊರತೆಗೆದು ಎತ್ತಿದಳು.

"ಗಂಟೆಮನೆ ಕೈ ಪ್ರಿಮೋಜನದ್ದು," ಎಂದ ಗಾಶ್ಪೆರ್, ಮೆತ್ತಗೆ. "ಅವನು ಬಂದು ಎತ್ತಲಿ."

ಗಂಟೆಗಳನ್ನು ಇಳಿಸುವ ದಿನ ಹೆಂಗಸರು ಫರ್ ಮರದ ಸೊಪ್ಪು ಕಟ್ಟಿ ಸಿಂಗರಿಸಿದರು. ಚಿಕ್ಕದು ಎಷ್ಟು ಹಗುರವೆಂದರೆ ಇಬ್ಬರು ಸೈನಿಕರು ಹಾಲಿನ ಕ್ಯಾನಿನಂತೆ ಎತ್ತಿಕೊಂಡರು. ಗಾಡಿಗಿಡುವಾಗ ಗಂಟೆಯ ನಾಲಿಗೆ ಒಮ್ಮೆ ತಾಗಿ ಸದ್ದಾಯಿತು. ಅಂಗಳದಲ್ಲಿದ್ದವರೆಲ್ಲ ಅಭ್ಯಾಸದಿಂದ ಎಣಿಸಲು ನಿಂತುಬಿಟ್ಟರು.

ಮರುವರ್ಷ ಜುಲೈಯಲ್ಲಿ, ಊರೆಲ್ಲ ಹುಲ್ಲುಗಾವಲಿನಲ್ಲಿದ್ದಾಗ, ಸೈನ್ಯದಿಂದ ಕಾಗದ ಬಂತು. ಯೆರಾ ಒಲೆಯ ಮೇಲೆ ಕಪ್ಪು ಗೋಧಿಯ ಮುದ್ದೆಗೆ ನೀರಿಟ್ಟಿದ್ದಳು. ಕಾಗದದಲ್ಲಿ ನಾಲ್ಕೇ ಸಾಲು. ಪ್ರಿಮೋಜನನ್ನು ಸೋಚಾ ದಂಡೆಯಲ್ಲಿಯೇ ಮಣ್ಣು ಮಾಡಲಾಗಿತ್ತು. ಅವಳು ಪಾತ್ರೆ ಕೆಳಗಿಳಿಸಿ, ಕಾಗದ ಮಡಿಸಿ ಲಂಗದ ಜೇಬಿಗಿಟ್ಟುಕೊಂಡು ಒಬ್ಬಳೇ ಗೋಪುರಕ್ಕೆ ಹೋದಳು.

ದೊಡ್ಡ ಗಂಟೆ ಮೊದಲು ಅಲುಗಲಿಲ್ಲ. ಆಮೇಲೆ ಅಲುಗಿತು, ತೂಗಿತು, ಬಾರಿಸತೊಡಗಿತು. ಮೊದಲ ನಿಲುಗಡೆಗೆಂದು ಯೆರಾ ಹಗ್ಗಕ್ಕೆ ಜೋತುಬಿದ್ದಳು. ಹಗ್ಗ ಅವಳನ್ನು ನೆಲದಿಂದ ಮೇಲೆತ್ತಿ ಮತ್ತೆ ಕೆಳಗಿಳಿಸಿತು. ಅಂಗೈಯ ಚರ್ಮ ಸುಲಿಯಿತು. ಗಂಟೆ ಒಂದು ಬಡಿತವನ್ನೂ ತಪ್ಪಿಸಲಿಲ್ಲ.

ಹುಲ್ಲುಗಾವಲಿನಲ್ಲಿ ಯಾರೂ ಎಣಿಸಲು ನಿಲ್ಲಲಿಲ್ಲ. ಬೆಟ್ಟದ ಹಿಂದೆ ಮೋಡ ಎದ್ದಿರಬೇಕೆಂದು ಓಡಿದರು. ಅರ್ಧ ಒಣಗಿದ ಹುಲ್ಲನ್ನು ಬಾಚಿ ಮರದ ಅಟ್ಟಣೆಗಳಿಗೆ ತುರುಕಿದರು. ಮನೆಗಳಲ್ಲಿ ಮುದುಕಿಯರು ಕಿಟಕಿ ಮುಚ್ಚಿ, ಗರಿ ಭಾನುವಾರದಂದು ಇಗರ್ಜಿಯಲ್ಲಿ ಮಂತ್ರಿಸಿ ತಂದ ಕಡ್ಡಿಗಳನ್ನು ಆಲಿಕಲ್ಲು ತಡೆಯಲೆಂದು ಒಲೆಗೆ ಹಾಕಿದರು. ಆಕಾಶ ತೊಳೆದಿಟ್ಟ ತಟ್ಟೆಯಂತಿತ್ತು.

ಗಾಶ್ಪೆರ್ ಕೈಯಲ್ಲಿ ಹುಲ್ಲು ಬಾಚುವ ಕುಂಟೆಗೋಲು ಹಿಡಿದೇ ಗೋಪುರಕ್ಕೆ ಬಂದ. ಗಂಟೆ ತಾನಾಗಿ ತಣ್ಣಗಾಗುತ್ತಿತ್ತು. ಯೆರಾ ಗೋಡೆಗೊರಗಿ ನೆಲದ ಮೇಲೆ ಕೂತಿದ್ದಳು.

"ಎಲ್ಲಿದೆ ಮೋಡ? ತಲೆಗಿಲೆ ಕೆಟ್ಟಿದ್ಯಾ ನಿಂಗೆ? ಹಸಿ ಹುಲ್ಲು ಅಟ್ಟಣೆಗೆ ಹೋಯ್ತು, ನಾಳೆ ಬೂಸ್ಟು ಹಿಡಿದ್ರೆ ನೀನು ತಿಂತೀಯಾ ಅದನ್ನ?"

ಅವಳು ಕಾಗದ ಕೊಟ್ಟಳು. ಅವನು ದೂರ ಹಿಡಿದು ಓದಿದ. ಅವನ ಗಡ್ಡದಲ್ಲಿ ಹುಲ್ಲಿನ ಎಸಳುಗಳಿದ್ದವು.

"ಹೇಳ್ಬಾರ್ದಿತ್ತೇನಮ್ಮಾ," ಎಂದ ಕೊನೆಗೆ.

"ಅದನ್ನೇ ಹೇಳ್ತಿದ್ದೆ ಮಾವ."

ಅವನು ಕುಂಟೆಗೋಲನ್ನು ಗೋಡೆಗಿಟ್ಟ. "ಏಳು. ಇಬ್ಬರೂ ಹಿಡಿಯೋಣ. ಮೂರು ಸಲ ನಿಲ್ಲಿಸೋಣ."

ಹಿಡಿದರು. ಗಂಟೆ ಮತ್ತೆ ತೂಗಿತು. ಇಬ್ಬರ ತೂಕಕ್ಕೂ ಅದು ನಿಲ್ಲುವುದರೊಳಗೆ ಹತ್ತಿಪ್ಪತ್ತು ಬಡಿತಗಳಾದವು. ಗೋಪುರದ ಕಿಂಡಿಯಿಂದ ಹುಲ್ಲುಗಾವಲು ಕಾಣುತ್ತಿತ್ತು. ದಣಿವಾರಿಸಿಕೊಳ್ಳಲು ಕೂತವರು ಎದ್ದು ಇನ್ನೂ ಜೋರಾಗಿ ಓಡತೊಡಗಿದ್ದರು. ಗಾಶ್ಪೆರ್ ಹಗ್ಗ ಬಿಟ್ಟ.

"ಅವರಿಗೆ ನಾನು ಹೋಗಿ ಹೇಳ್ತೀನಿ," ಎಂದ. ಕುಂಟೆಗೋಲನ್ನು ಅಲ್ಲೇ ಮರೆತು ಮೆಟ್ಟಿಲಿಳಿದು ಹೋದ.

ನಮ್ಮೂರಲ್ಲಿ ಸಾವಿನ ಮನೆಯವರು ಗಂಟೆಮನೆಯೊಂದನ್ನು ಬಿಟ್ಟು ಬೇರೆಯವರ ಬಾಗಿಲು ತಟ್ಟುವುದಿಲ್ಲ. ಗಂಟೆ ಹೇಳುತ್ತದೆ, ಜನ ತಾವಾಗಿ ಬರುತ್ತಾರೆ, ಮನೆಯವರು ಕೂತಿದ್ದರೆ ಸಾಕು. ಯೆರಾ ಮನೆಗೆ ಹೋಗಿ ಕೂತಳು. ಯಾರೂ ಬರಲಿಲ್ಲ; ಹುಲ್ಲುಗಾವಲಿಗೆ ಹೋದ ಗಾಶ್ಪೆರ್ ಇನ್ನೂ ಹಿಂತಿರುಗಿರಲಿಲ್ಲ. ಸ್ವಲ್ಪ ಹೊತ್ತಿಗೆ ಎದ್ದು, ಸುಲಿದ ಅಂಗೈಗೆ ಬಟ್ಟೆ ಸುತ್ತಿಕೊಂಡು, ಪಕ್ಕದ ಮನೆಯ ಮುದುಕಿ ಮೇತಾಳ ಬಾಗಿಲಿಗೆ ಹೋದಳು. ಹೇಗೆ ಶುರುಮಾಡಬೇಕೆಂದು ಅವಳಿಗೆ ತಿಳಿಯಲಿಲ್ಲ. ಅದಕ್ಕೆ ನಮ್ಮಲ್ಲಿ ಮಾತುಗಳೇ ಇರಲಿಲ್ಲ.

ಮೇತಾ ಕಿಟಕಿಯನ್ನು ಒಂದಿಷ್ಟೇ ತೆರೆದು ನೋಡಿದಳು. ಒಳಗಿಂದ ಸುಟ್ಟ ಕಡ್ಡಿಯ ಹೊಗೆ ಬಂತು.

"ನೀನಾ ಯೆರಾ, ದೇವರು ಚೆನ್ನಾಗಿಟ್ಟಿರಲಿ ನಿನ್ನ," ಎಂದಳು. "ಒಬ್ಬಳೇ ಎಷ್ಟು ಹೊತ್ತು ಬಾರಿಸಿದೆ. ಮೋಡ ಹೋಯ್ತಾ?"