ಎಂಟರಲ್ಲಿ ಒಂದು ಪಾಲು

ಬೆಳ್ತಂಗಡಿಯಲ್ಲಿ ಬಸ್ಸು ಕೆಟ್ಟು ನಿಂತಿದೆ. ಎದುರಿನ ನಾಟಿವೈದ್ಯರ ಜಗಲಿಯಲ್ಲಿ ಕೂತು ಇದನ್ನು ಬರೆಯುತ್ತಿದ್ದೇನೆ.

ಹತ್ತಿರದ ಹಳ್ಳಿಯ ಕೃಷಿಕರೊಬ್ಬರು ಮನೆಯಲ್ಲಿ ಜ್ವರದಿಂದ ಮಲಗಿದ್ದ ಹೆಂಡತಿಗಾಗಿ ವೈದ್ಯರ ಅಂಗಳದ ಒಲೆಯಲ್ಲಿ ಅಮೃತಬಳ್ಳಿಯ ಕಷಾಯ ಕುದಿಸುತ್ತಿದ್ದರು. "ಎಂಟು ಪಾಲು ನೀರು ಒಂದು ಪಾಲಿಗೆ ಇಳಿಯಬೇಕು. ಅವಸರ ಮಾಡಿದರೆ ಬಳ್ಳಿಯ ಸತ್ವ ನೀರಿಗೆ ಬರುವುದಿಲ್ಲ," ಎಂದಿದ್ದರು ವೈದ್ಯರು.

ನೀರು ಅರ್ಧ ಇಳಿದಿರುವಾಗ ಕೃಷಿಕರ ತಮ್ಮ ಸೈಕಲ್ಲಿನಲ್ಲಿ ಬಂದ. "ಅಣ್ಣ, ಮನೆಗೆ ಹೋಗುವ. ಅತ್ತಿಗೆ ತೀರಿಕೊಂಡ್ರು."

ಅವರು ಏಳಲಿಲ್ಲ. ನನ್ನ ಪಕ್ಕದಲ್ಲಿ ಜ್ವರದಿಂದ ನಡುಗುತ್ತಿದ್ದ ಅಜ್ಜಿಯೊಬ್ಬರನ್ನು ತೋರಿಸಿ, "ಇದು ಇವರಿಗೆ ಆಗ್ತದಾ?" ಎಂದು ಕೇಳಿದರು.

"ಆಗ್ತದೆ," ಎಂದರು ವೈದ್ಯರು.

"ಹಾಗಾದ್ರೆ ಸ್ವಲ್ಪ ಕೂತ್ಕೊ, ತಮ್ಮ. ಇನ್ನೂ ಇಳಿಯಲಿಕ್ಕೆ ಉಂಟು."

ಕೊನೆಗೆ ಅವರೇ ಕಷಾಯ ಸೋಸಿ ಲೋಟವನ್ನು ಅಜ್ಜಿಯ ಕೈಗಿತ್ತರು. "ಬಿಸಿ ಉಂಟು ಅಜ್ಜಿ, ನಿಧಾನ ಕುಡೀರಿ," ಎಂದು ಹೇಳಿ, ತಮ್ಮನ ಸೈಕಲ್ಲಿನ ಹಿಂದೆ ಕೂತರು.