ಎಳ್ಳು ಬೀರಿದ ದಿನದ ಮತದಾನ

ನಾನು ಕೆಲಸ ಮಾಡುವ ಕಾರ್ಖಾನೆ ಶಿಕಾಗೋ ಪಕ್ಕದ ಲಿಸ್ಲ್‌ನಿಂದ ಹೆದ್ದಾರಿಯಲ್ಲಿ ಎರಡು ಎಕ್ಸಿಟ್ ಆಚೆಗಿದೆ. ಅಂಗಡಿಗಳಲ್ಲಿ ಪ್ಲಾಸ್ಟಿಕ್ ಡಬ್ಬಿಯಲ್ಲಿ ಸಿಗುವ ಸಲಾಡನ್ನು ಅಲ್ಲಿ ತುಂಬುತ್ತೇವೆ. ಸೊಪ್ಪು ಬಾಡಬಾರದೆಂದು ಒಳಗೆ ವರ್ಷವಿಡೀ ಮೂವತ್ತೆಂಟು ಡಿಗ್ರಿ ಫ್ಯಾರನ್‌ಹೀಟ್, ಫ್ರಿಜ್ಜಿನೊಳಗಿನಷ್ಟು ಚಳಿ. ಎರಡು ಸ್ವೆಟರ್, ಮೇಲೊಂದು ಬಿಳಿ ಕೋಟು, ಉಣ್ಣೆಯ ಗ್ಲೌಸಿನ ಮೇಲೆ ರಬ್ಬರಿನದು. ಹನ್ನೊಂದು ವರ್ಷದಿಂದ ಟೊಮೇಟೊ ಜೋಡಿಸುತ್ತಿದ್ದೇನೆ. ಚಳಿ ಅಭ್ಯಾಸವಾಗಿಹೋಗಿದೆ. ಅಭ್ಯಾಸವಾಗದಿರುವುದು ಫೋನು. ನಾಳೆ ಎಷ್ಟು ಗಂಟೆಗೆ ಬರಬೇಕೆಂದು ಇವತ್ತು ಸಂಜೆ ಐದಕ್ಕೆ ಮೆಸೇಜು ಬರುತ್ತದೆ. ಒಂದು ದಿನ ಬೆಳಗ್ಗೆ ಆರು, ಮರುದಿನ ಹತ್ತೂವರೆ. ಹತ್ತು ನಿಮಿಷ ತಡವಾದರೂ ಒಂದು ಪಾಯಿಂಟು. ಆರು ಪಾಯಿಂಟಾದರೆ ಕೆಲಸವಿಲ್ಲ.

ನನ್ನ ಪಕ್ಕದಲ್ಲಿ ನಿಂತು ಸೌತೆಕಾಯಿ ಹಾಕುತ್ತಿದ್ದವಳು ಹುಬ್ಬಳ್ಳಿಯವಳು. ಅವಳ ಗಂಡನಿಗೆ ವಾರದಲ್ಲಿ ಮೂರು ಬೆಳಗ್ಗೆ ಡಯಾಲಿಸಿಸ್. ಕರೆದೊಯ್ಯಲು ಅವಳೊಬ್ಬಳೇ. ಅವನ ಇನ್ಶೂರೆನ್ಸ್ ಇದ್ದದ್ದೂ ಅವಳ ಕೆಲಸದಿಂದಲೇ. ಆಗಲೇ ಮೂರು ಪಾಯಿಂಟಾಗಿದ್ದವು. ಎರಡು ವಾರ ಮೊದಲೇ ವೇಳಾಪಟ್ಟಿಯನ್ನು ಗೋಡೆಗೆ ಅಂಟಿಸಬೇಕು ಎನ್ನುವುದಕ್ಕಾಗಿಯೇ ನಾವು ಯೂನಿಯನ್ ಬೇಕೆಂದು ಕಾರ್ಡಿಗೆ ಸಹಿ ಹಾಕಿದ್ದು. ಮೆಕ್ಸಿಕೋದವರು, ಪೋಲೆಂಡಿನವರು, ಗುಜರಾತಿಗಳು, ಎಲ್ಲರೂ ಪಾರ್ಕಿಂಗ್ ಲಾಟಿನಲ್ಲಿ ಕಾರಿನ ಬಾನೆಟ್ ಮೇಲೆ ಕಾರ್ಡಿಟ್ಟು ಸಹಿ ಮಾಡಿದೆವು.

ಆನ್ ಆರ್ಬರ್‌ನಲ್ಲಿ ಕಾಲೇಜು ಓದುವ ಮಗಳಿಗೆ ಖುಷಿಯೋ ಖುಷಿ. ಕಾರ್ಮಿಕರ ಇತಿಹಾಸ ಅವಳಿಗೆ ಆ ವರ್ಷ ಒಂದು ಕೋರ್ಸು. ಎಂಟು ಗಂಟೆಯ ಕೆಲಸಕ್ಕಾಗಿ ಶಿಕಾಗೋದಲ್ಲಿ ಹೋರಾಡಿದವರಲ್ಲಿ ನಮ್ಮಂತೆ ಹೊರಗಿನಿಂದ ಬಂದವರೇ ಬಹಳ, ಮೇ ದಿನ ಹುಟ್ಟಿದ್ದೇ ಇಲ್ಲಿ ಎಂದು ಅವಳೇ ನನಗೆ ಹೇಳಿದ್ದು. ಮೈಸೂರಿನಲ್ಲಿ ಮೇ ಒಂದಕ್ಕೆ ಅಪ್ಪನ ಕಾರ್ಖಾನೆಗೆ ರಜೆ ಇರುತ್ತಿತ್ತು. ಅಪ್ಪ ಕೆಂಪು ಬಾವುಟ ಹಾರಿಸಿ, ನನಗೆ ಚಾಕೊಲೇಟು ತಂದುಕೊಡುತ್ತಿದ್ದ. ಆ ಮೇ ದಿನ ಹುಟ್ಟಿದ ಊರಿನ ಪಕ್ಕದಲ್ಲಿ ನಾನು ಮೇ ಒಂದಕ್ಕೂ ಟೊಮೇಟೊ ಜೋಡಿಸುತ್ತೇನೆ.

ಯೂನಿಯನ್ ಬೇಕೋ ಬೇಡವೋ ಎಂಬ ಮತದಾನ ನಿಗದಿಯಾದದ್ದು ಸಂಕ್ರಾಂತಿಯ ದಿನ. ಊಟದ ಕೋಣೆಯಲ್ಲಿ ಮೇಜು ಹಾಕಿ, ಸರ್ಕಾರದ ಕಡೆಯ ಹೆಂಗಸೊಬ್ಬಳು ಮತದ ಡಬ್ಬ ಇಟ್ಟುಕೊಂಡು ಕೂತಿದ್ದಳು. ಬಂದವರ ಹೆಸರಿಗೆ ಗುರುತು ಹಾಕಲು ಅಬ್ಸರ್ವರ್ ಎಂದು ಕಂಪನಿಯ ಕಡೆಯಿಂದ ಒಬ್ಬ, ನಮ್ಮ ಕಡೆಯಿಂದ ನಾನು. ನಾನು ಪ್ರತಿ ಸಂಕ್ರಾಂತಿಗೂ ಕಾರ್ಖಾನೆಯಲ್ಲಿ ಎಳ್ಳು ಬೀರುತ್ತೇನೆ. ಹಿಂದಿನ ಶನಿವಾರ, ಭಾನುವಾರ ಕೂತು ಕೊಬ್ಬರಿ, ಬೆಲ್ಲ ಹೆಚ್ಚಿ, ಕಡಲೆಕಾಯಿ, ಹುರಿಗಡಲೆ, ಎಳ್ಳು ಬೆರೆಸಿ ಚಿಕ್ಕ ಚಿಕ್ಕ ಜಿಪ್‌ಲಾಕ್ ಪೊಟ್ಟಣ ಕಟ್ಟಿದ್ದೆ. ಎದುರಿಗೆ ಬಂದವರಿಗೆಲ್ಲ ಕೊಡುವ ಹಬ್ಬವಲ್ಲವೇ? ಆ ದಿನ ಎದುರಿಗೆ ಬಂದದ್ದು ಮತದಾರರು. ಹೆಸರಿಗೆ ಗುರುತು ಹಾಕುವುದು, ಒಂದು ಪೊಟ್ಟಣ ಕೊಡುವುದು. ಕಂಪನಿಯ ಕಡೆಯವನೂ ಎರಡು ಪೊಟ್ಟಣ ತಿಂದ. ಚೆನ್ನಾಗಿದೆ ಎಂದ.

ಸರ್ಕಾರದ ಹೆಂಗಸು ನೋಡಿ, "ದಯವಿಟ್ಟು ಒಳಗಿಡಿ" ಎನ್ನುವಷ್ಟರಲ್ಲಿ ಇಪ್ಪತ್ತು ಜನಕ್ಕೆ ಕೊಟ್ಟಾಗಿತ್ತು.

ನಾವು ಗೆದ್ದದ್ದು ಒಂಬತ್ತು ಮತದಿಂದ. ಹುಬ್ಬಳ್ಳಿಯವಳು ಗ್ಲೌಸು ಹಾಕಿಕೊಂಡೇ ನನ್ನನ್ನು ತಬ್ಬಿಕೊಂಡಳು. ವಾರ ಕಳೆಯುವುದರೊಳಗೆ ಕಂಪನಿಯ ಆಕ್ಷೇಪಣೆ ಬಂತು: ಯೂನಿಯನ್ನಿನವರು ಮತದಾರರಿಗೆ ತಿನಿಸು ಹಂಚಿದ್ದಾರೆ.

ಮಗಳಿಗೆ ಫೋನ್ ಮಾಡಿದೆ. "ಅಮ್ಮಾ! ಯೂ ವರ್ ದಿ ಅಬ್ಸರ್ವರ್! ಜಸ್ಟ್ ಅಬ್ಸರ್ವ್!" ಎಂದು ಕಿರುಚಿದಳು.

"ಹಬ್ಬದ ದಿನ ಕೈ ಕಟ್ಕೊಂಡು ಕೂತ್ಕೊಳ್ಳಕ್ಕಾಗುತ್ತೇನೇ?" ಎಂದೆ. ಆದರೆ ಆ ಮಾತಿನಲ್ಲಿ ನನಗೇ ಬಲವಿರಲಿಲ್ಲ.

ಮಾರ್ಚಿನಲ್ಲಿ ಶಿಕಾಗೋದಲ್ಲಿ ವಿಚಾರಣೆ. ಕಂಪನಿಯ ವಕೀಲ ಖಾಲಿ ಜಿಪ್‌ಲಾಕ್ ಒಂದನ್ನು ಎತ್ತಿ ತೋರಿಸಿದ. ಇದನ್ನು ಕೊಡುವಾಗ ಏನಾದರೂ ಹೇಳಿದಿರಾ ಎಂದು ಕೇಳಿದ. ಒಳ್ಳೆಯ ಮಾತನಾಡಿ ಎಂದು ಹೇಳುವುದು ನಮ್ಮಲ್ಲಿ ವಾಡಿಕೆ ಎಂದೆ.

"ಯಾರ ಬಗ್ಗೆ ಒಳ್ಳೆಯ ಮಾತು? ಯೂನಿಯನ್ ಬಗ್ಗೆಯೇ?"

"ಯಾರ ಬಗ್ಗೆಯಾದರೂ. ನಿಮ್ಮ ಬಗ್ಗೆಯೂ."

ಯಾರೂ ನಗಲಿಲ್ಲ. ಹಬ್ಬ ಎಂದರೇನು, ಸೂರ್ಯ ಎತ್ತ ತಿರುಗುತ್ತಾನೆ ಎಂದೆಲ್ಲ ಅರ್ಧ ಗಂಟೆ ಹೇಳಿದೆ. ಬೆಲ್ಲಕ್ಕೆ ಇಂಗ್ಲಿಷಿನಲ್ಲಿ ಏನೆನ್ನುತ್ತಾರೆಂದು ಹೇಳಿಕೆ ಬರೆದುಕೊಳ್ಳುವವಳು ಎರಡು ಸಲ ಕೇಳಿದಳು. ವೇಳಾಪಟ್ಟಿಯ ಬಗ್ಗೆ ಒಬ್ಬರೂ ಕೇಳಲಿಲ್ಲ. ಮಧ್ಯೆ ನಾನೇ ಶುರುಮಾಡಿದರೆ, ಕೇಳಿದ್ದಕ್ಕೆ ಮಾತ್ರ ಉತ್ತರಿಸಿ ಎಂದರು.

ತೀರ್ಪಿಗೆ ಕಾಯುವುದಾಯಿತು. ಅದು ಬರುವವರೆಗೆ ಕಂಪನಿ ಯೂನಿಯನ್ನಿನ ಜೊತೆ ವೇಳಾಪಟ್ಟಿಯ ಮಾತಿಗೆ ಕೂರುವುದಿಲ್ಲ. ಸಂಜೆ ಐದರ ಮೆಸೇಜು ಮಾತ್ರ ಒಂದು ದಿನವೂ ತಪ್ಪಲಿಲ್ಲ. ಹುಬ್ಬಳ್ಳಿಯವಳಿಗೆ ಡಯಾಲಿಸಿಸ್ಸಿನ ದಿನವೇ ಬೆಳಗಿನ ಪಾಳಿ ಬಂದಾಗ ನಾನು ಬದಲಿಗೆ ಹೋಗುತ್ತೇನೆಂದು ಸೂಪರ್‌ವೈಸರ್ ಹತ್ತಿರ ಕೇಳಿದೆ. ಬದಲಿ ಕೊಡುವಂತಿಲ್ಲವಂತೆ. ನಾಲ್ಕನೆಯ ಪಾಯಿಂಟು, ಐದನೆಯದು. ಮೇ ತಿಂಗಳಲ್ಲಿ ಗಂಡನಿಗೆ ಸೂಜಿ ಚುಚ್ಚಿದ ಜಾಗದಲ್ಲಿ ರಕ್ತ ನಿಲ್ಲದೆ ಅವಳು ನಲವತ್ತು ನಿಮಿಷ ತಡವಾಗಿ ಬಂದಳು. ಆರು. ಅವಳ ಜಾಗದಲ್ಲಿ ಮರುದಿನ ಬೇರೊಬ್ಬಳು ಸೌತೆಕಾಯಿ ಹಾಕುತ್ತಿದ್ದಳು.

ಆಗಸ್ಟಿನಲ್ಲಿ ತೀರ್ಪಿನ ಪತ್ರ ಬಂತು. ಆಕ್ಷೇಪಣೆಯಲ್ಲಿ ಹುರುಳಿಲ್ಲ, ಮತದಾನ ಸರಿಯಿದೆ. ಮರುವಾರವೇ ಕಂಪನಿ ಮೇಲ್ಮನವಿ ಹಾಕಿತು. ಎಳ್ಳು ಇಲ್ಲದಿದ್ದರೂ ಅವರು ಇನ್ನೊಂದು ನೆಪ ಹುಡುಕುತ್ತಿದ್ದರು ಎಂದು ಯೂನಿಯನ್ನಿನ ಹೆಂಗಸು ನನಗೆ ಸಮಾಧಾನ ಹೇಳಿದಳು. ಇರಬಹುದು. ಆದರೆ ಹುಡುಕುವ ಕಷ್ಟ ಅವರಿಗೆ ನಾನು ಕೊಡಲಿಲ್ಲವಲ್ಲ.

ಪತ್ರದ ಸುದ್ದಿ ಹೇಳಲು ಹುಬ್ಬಳ್ಳಿಯವಳಿಗೆ ಫೋನ್ ಮಾಡಿದೆ. ಡಯಾಲಿಸಿಸ್ ಸೆಂಟರಿನಲ್ಲೇ ಕೂತಿದ್ದಳು. ಹಿಂದೆ ಮಿಷನ್ನಿನ ಬೀಪ್ ಬೀಪ್ ಕೇಳುತ್ತಿತ್ತು.

"ಗೆದ್ವಿ ಅನ್ರೀ ಅಕ್ಕಾರ. ನಾ ಇಲ್ದಾಗ ಗೆದ್ವಿ."

"ನನ್ನಿಂದಾನೇ ಕಣೇ ಇಷ್ಟು ತಡ ಆಗಿದ್ದು."

"ಹೌದು, ನಿಮ್ಮಿಂದನ," ಎಂದಳು. ಇಲ್ಲ ಎನ್ನುತ್ತಾಳೆಂದುಕೊಂಡಿದ್ದೆ. ಆಮೇಲೆ ಅವಳೇ, "ಮುಂದಿನ ಸಂಕ್ರಾಂತಿಗೆ ನಮ್ಮ ಮನೀಗೆ ತಂದ ಕೊಡ್ರಿ. ಅಲ್ಲಿ ವಕೀಲ ಬರಂಗಿಲ್ಲ" ಎಂದಳು.

ಅವತ್ತು ಎಷ್ಟು ಗಂಟೆಗೆ ಬರುತ್ತೀರಿ ಎಂದು ಕೇಳಿದಳು ಅವಳು. ನಾನು ಏನೆಂದು ಹೇಳಲಿ? ಹಿಂದಿನ ದಿನ ಸಂಜೆ ಐದಾಗದೆ ನನಗೂ ಗೊತ್ತಾಗುವುದಿಲ್ಲ.