ನಡುವಿನ ಪುಟ ಓದು

ಮಾಮಿಯ ಬಲಗೈಯ ಹೆಬ್ಬೆರಳು, ತೋರುಬೆರಳುಗಳ ತುದಿಯಲ್ಲಿ ಗೆರೆಗಳೇ ಇರಲಿಲ್ಲ. ನಲವತ್ತು ವರ್ಷ ಬೀಡಿ ಕಟ್ಟಿ ಕಟ್ಟಿ ಸವೆದು, ಹೊಗೆಸೊಪ್ಪಿನ ಬಣ್ಣ ಹಿಡಿದು, ಹುಣಸೆ ಬೀಜದ ಹಾಗೆ ನುಣ್ಣಗಾಗಿದ್ದವು. ರೇಷನ್ ಅಂಗಡಿಯ ಬೆರಳಚ್ಚಿನ ಮೆಶಿನ್ ಆ ಬೆರಳನ್ನು ಒಂದೇ ಸಲಕ್ಕೆ ಗುರುತು ಹಿಡಿದದ್ದು ನಾನು ಕಂಡಿಲ್ಲ. "ನಾನು ಬದುಕಿದ್ದೇನೆ ಅಂತ ಅದಕ್ಕೆ ನಂಬಿಕೆಯೇ ಇಲ್ಲ ಮಾರಾಯ್ತಿ" ಎಂದು ನಗುತ್ತಿದ್ದರು.

ಪುತ್ತಿಗೆಯಲ್ಲಿ ನಮ್ಮದೂ ಅವರದೂ ಅಕ್ಕಪಕ್ಕದ ಮನೆ. ಸಂಬಂಧ ಏನೂ ಇಲ್ಲ, ಆದರೂ ಮಾಮಿ. ನಾನು ಡಿಗ್ರಿ ಮುಗಿಸಿ, ಪರೀಕ್ಷೆಯ ಮೇಲೆ ಪರೀಕ್ಷೆ ಬರೆದು ಕೆಲಸಕ್ಕೆ ಕಾಯುತ್ತಿದ್ದ ಕಾಲ. ಮೊದಲೇ ಕೂತಲ್ಲಿ ಕೂರಲಾಗದ ಜೀವ ನನ್ನದು. ಮೂಡುಬಿದಿರೆಯ ಲೈಬ್ರರಿಯಿಂದ ನಾಲ್ಕು ಪುಸ್ತಕ ತರುವುದು, ನಾಲ್ಕರದ್ದೂ ಇಪ್ಪತ್ತಿಪ್ಪತ್ತು ಪುಟ ಓದುವುದು, ಐದನೆಯದು ಇದಕ್ಕಿಂತ ಚೆನ್ನಾಗಿರಬಹುದು ಅನ್ನಿಸಿ ಎಲ್ಲವನ್ನೂ ಹಿಂದೆ ಕೊಡುವುದು. ನಡುನಡುವೆ ಫೋನು. ಕೈಯಂತೂ ಸುಮ್ಮನಿರದು, ಪುಟದ ಮೂಲೆ ಮಡಚುತ್ತಲೋ ಶಾಲಿನ ಅಂಚಿನ ನೂಲು ಕೀಳುತ್ತಲೋ ಇರಬೇಕು. ಜಗಲಿಯಲ್ಲಿ ಮೊರ ಮಡಿಲಿಗಿಟ್ಟುಕೊಂಡು ಬೀಡಿ ಕಟ್ಟುತ್ತಿದ್ದ ಮಾಮಿಗೆ ನನ್ನನ್ನು ನೋಡಿ ನೋಡಿ ತಲೆಬಿಸಿಯಾಗಿರಬೇಕು.

"ಎಂಥದು ಅದು, ಬರೀ ಮಗುಚಿ ಹಾಕುವುದು? ಇಲ್ಲಿ ಬಂದು ದೊಡ್ಡಕ್ಕೆ ಓದು. ನನ್ನ ಕೈಗೆ ಪುರುಸೊತ್ತಿಲ್ಲ, ಕಿವಿಗೆ ಉಂಟು."

ಅವರಿಗೆ ಓದಲು ಬಾರದೆ ಅಲ್ಲ. ಏಳನೆಯವರೆಗೆ ಶಾಲೆಗೆ ಹೋದವರು. ಆದರೆ ಎಲೆ, ಕತ್ತರಿ, ಕೆಂಪು ನೂಲು ಬಿಟ್ಟು ಬೇರೆ ಏನನ್ನಾದರೂ ಹಿಡಿಯಲು ಆ ಕೈಗಳಿಗೆ ಬಿಡುವಾದದ್ದು ಯಾವಾಗ!

ತಂದದ್ದರಲ್ಲಿ ಯಾವುದನ್ನು ಓದುವುದೆಂಬ ತೀರ್ಮಾನ ಅವರದೇ. ಹೆಸರು ಬೇಡ, ಮುಖಪುಟ ಬೇಡ, ಹಿಂಬದಿಯ ಹೊಗಳಿಕೆಯಂತೂ ಬೇಡವೇ ಬೇಡ. "ನಡುವಿನ ಪುಟ ಓದು. ಸುರುವನ್ನು ಎಲ್ಲರೂ ಚಂದ ಮಾಡ್ತಾರೆ." ನಾನು ಓದುತ್ತಾ ಓರೆಗಣ್ಣಿನಲ್ಲಿ ಅವರ ಕೈ ನೋಡುತ್ತಿದ್ದೆ. ಕೈ ಅದೇ ವೇಗದಲ್ಲಿ ಓಡುತ್ತಿದ್ದರೆ ಪುಸ್ತಕ ಫೇಲು. ಸುರುಳಿಯಾಗುತ್ತಿದ್ದ ಎಲೆ ಅರ್ಧದಲ್ಲೇ ನಿಂತರೆ ಪಾಸು. ಇನ್ನೊಂದು ನಿಯಮವೂ ಇತ್ತು: ಒಂದು ಕಾದಂಬರಿಯಾದರೆ ಮುಂದಿನದು ನಿಜಸಂಗತಿಯ ಪುಸ್ತಕ. "ಕತೆ ಆಯ್ತಲ್ಲ, ಇನ್ನು ನಡೆದದ್ದು ತಾ." ಹೀಗೆ ನಾವು ಹಿಮದ ನಾಡಿನ ಪ್ರವಾಸ ಓದಿದೆವು, ದಾದಿಯೊಬ್ಬಳ ಆತ್ಮಕತೆ ಓದಿದೆವು. ಹಾವುಗಳ ಪುಸ್ತಕ ಓದಿದಾಗಲಂತೂ ಮಾಮಿ ಪುಟಕ್ಕೊಮ್ಮೆ ಲೇಖಕರೊಡನೆ ಜಗಳ ತೆಗೆದರು. "ಈ ಜನ ಕೇರೆಹಾವನ್ನು ಒಮ್ಮೆಯಾದರೂ ಕಂಡದ್ದು ಉಂಟಾ?"

ಒಮ್ಮೆ ಒಂದು ಕಾದಂಬರಿಯಲ್ಲಿ ಮದುವೆ ಮನೆಯ ವರ್ಣನೆ ಮುಗಿಯುವ ಲಕ್ಷಣವೇ ಕಾಣಲಿಲ್ಲ. ನನಗೆ ತಡೆಯಲಿಲ್ಲ. ಮೆಲ್ಲ ಎಂಟು ಪುಟ ಹಾರಿಸಿ ಮುಂದುವರಿಸಿದೆ. ಮಾಮಿ ತಲೆಯೆತ್ತದೆ ಕೇಳಿದರು:

"ಆ ಹುಡುಗಿ ಬಾವಿಗೆ ಹೋದವಳು ಯಾವಾಗ ಬಂದದ್ದು?"

"ಯಾವ ಹುಡುಗಿ?"

"ಕೊಡಪಾನ ಹಿಡ್ಕೊಂಡು ಹೋದವಳು. ಈಗ ನೋಡಿದ್ರೆ ಊಟ ಬಡಿಸ್ತಾ ಇದ್ದಾಳೆ. ನೀನು ಎಷ್ಟು ಪುಟ ನುಂಗಿದ್ದು, ಹೇಳು!"

ನಾಚಿಕೆಯಿಂದ ಹಿಂದೆ ಹೋದೆ. ಆ ಎಂಟು ಪುಟಗಳಲ್ಲಿ ಬಾವಿಕಟ್ಟೆಯಲ್ಲಿ ಒಬ್ಬಳೇ ನಿಂತು ಅವಳು ಅತ್ತದ್ದಿತ್ತು. ಇಡೀ ಪುಸ್ತಕದ ಜೀವ ಅಲ್ಲೇ ಇತ್ತು.

ಆಮೇಲೆ ನನಗೆ ಬಂಟ್ವಾಳದಲ್ಲಿ ಸರಕಾರಿ ಕೆಲಸವಾಯಿತು. ಸಂಜೆ ಬಸ್ಸಿಳಿದು ಬಂದು ಚಾ ಕುಡಿದು ಅರ್ಧ ಗಂಟೆ ಓದುವುದು ತಪ್ಪಲಿಲ್ಲ. ಕಳೆದ ವರ್ಷ ಮಾಮಿಗೆ ಕೆಮ್ಮು ಹಿಡಿಯಿತು, ಮಂಗಳೂರಿನ ಆಸ್ಪತ್ರೆಗೆ ಹೋಗಿ ಬಂದರು. ನೋಡಿಕೊಳ್ಳಲು ಬೆಳ್ತಂಗಡಿಯಿಂದ ಬಂದಿದ್ದ ಮಗಳು ಗೇಟಿನಲ್ಲೇ ನನ್ನನ್ನು ತಡೆದಳು. "ಹೆಚ್ಚೆಂದರೆ ಎರಡು ತಿಂಗಳು ಅಂದಿದ್ದಾರೆ. ಅಮ್ಮನಿಗೆ ಗೊತ್ತಿಲ್ಲ. ನೀನು ಬಾಯಿ ಬಿಡ್ಬೇಡ."

ಅವತ್ತು ಲೈಬ್ರರಿಯಲ್ಲಿ ನಾನು ಪಟ್ಟ ಪಾಡು ಯಾರಿಗೂ ಬೇಡ. ಈ ಸಲ ಕಾದಂಬರಿಯ ಸರದಿ. ಒಳ್ಳೆಯ ದಪ್ಪದ್ದೊಂದು ಕೈಗೆ ಬಂತು, ಮುಗಿಯದಿದ್ದರೆ ಎಂದು ಹಿಂದಿಟ್ಟೆ. ತೆಗೆದೆ, ಮತ್ತೆ ಇಟ್ಟೆ. ಈ ಕಪಾಟಿನಿಂದ ಆ ಕಪಾಟಿಗೆ ಅಲೆದು ಅಲೆದು ಕೊನೆಗೆ ತೊಂಬತ್ತು ಪುಟದ್ದೊಂದನ್ನು ಹಿಡಿದುಕೊಂಡು ಬಂದೆ.

ಮಾಮಿ ಮಲಗಿದ್ದರು. ಬೀಡಿ ಕಟ್ಟದ ಆ ಕೈಗಳನ್ನು ನಾನು ನೋಡಿದ್ದು ಅದೇ ಮೊದಲು. ಯಾವತ್ತೂ ಪುಸ್ತಕ ಮುಟ್ಟದವರು ಕೈ ಚಾಚಿ ಅದನ್ನು ತೆಗೆದುಕೊಂಡು ಬೆನ್ನು ಸವರಿದರು.

"ಇಷ್ಟು ಸಪೂರವಾ?"

ನಾನು ಶಾಲಿನ ಅಂಚಿನ ನೂಲು ಕೀಳತೊಡಗಿದೆ. ಮಾಮಿ ನನ್ನ ಮುಖ ನೋಡಿದರು, ಬಾಗಿಲಲ್ಲಿ ನಿಂತಿದ್ದ ಮಗಳ ಮುಖ ನೋಡಿದರು. ಅವರಿಗೆ ತಿಳಿಯಿತು. ಡಾಕ್ಟರು ಹೇಳದ್ದನ್ನು, ಮಗಳು ಮುಚ್ಚಿಟ್ಟದ್ದನ್ನು ನಾನು ತೊಂಬತ್ತು ಪುಟದಲ್ಲಿ ಹೇಳಿಬಿಟ್ಟಿದ್ದೆ. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು.

"ಅಳ್ಬೇಡ. ನಾಳೆ ದಪ್ಪದ್ದು ತಾ. ನಡುವಿನ ಪುಟ ಓದಿ ತಾ."

ಆರುನೂರು ಪುಟದ ಆ ಕಾದಂಬರಿಯನ್ನೇ ತಂದೆ. ದಿನಾ ಓದಿದೆ, ಒಂದು ಸಾಲೂ ಹಾರಿಸದೆ. ನಿಲ್ಲಿಸಿದಲ್ಲಿ ಬೀಡಿ ನೂಲಿನ ತುಂಡೊಂದು ಗುರುತು. ಪುಸ್ತಕ ಅವರ ತಲೆದಿಂಬಿನ ಹತ್ತಿರವೇ ಇರುತ್ತಿತ್ತು. ಮರುದಿನ ಹೋದರೆ, "ಮತ್ತೆ ಎಂಥ ಆಯ್ತು?" ಎಂಬ ಅದೇ ಆತುರ. ನಾನೂರನೆಯ ಪುಟಕ್ಕೆ ಬಂದಿದ್ದೆವು. ಒಂದು ಬುಧವಾರ ಆಫೀಸಿನಲ್ಲಿದ್ದಾಗ ಫೋನ್ ಬಂತು. ಬಸ್ಸು ಅಷ್ಟು ನಿಧಾನವಾಗಿ ಹೋದದ್ದನ್ನು ನಾನು ಕಂಡಿಲ್ಲ.

ಉತ್ತರಕ್ರಿಯೆಯ ದಿನದ ಬೊಜ್ಜದ ಊಟ ಮುಗಿದ ಮರುದಿನ ಮಗಳು ಪುಸ್ತಕ ತಂದು ಕೊಟ್ಟಳು. ಅದರಲ್ಲಿ ಎರಡು ಕೆಂಪು ನೂಲುಗಳಿದ್ದವು. ಒಂದು ನಾನು ನಿಲ್ಲಿಸಿದ ಪುಟದಲ್ಲಿ, ಇನ್ನೊಂದು ಕೊನೆಯ ಪುಟದಲ್ಲಿ.

"ನೀನು ಆಫೀಸಿಗೆ ಹೋದ ಮೇಲೆ ಅಮ್ಮ ಒಬ್ಬರೇ ಓದ್ತಾ ಇದ್ದದ್ದು. ಆದಿತ್ಯವಾರವೇ ಮುಗಿಸಿದ್ರು. ನಿನ್ನತ್ರ ಹೇಳ್ಬಾರ್ದು ಅಂದ್ರು. ಗೊತ್ತಾದ್ರೆ ನೀನು ಅರ್ಧದಲ್ಲೇ ಬಿಡ್ತಿಯಂತೆ." ಮತ್ತೆ ಅಂದಳು, "ಇದು ಮುಗಿದ್ಮೇಲೆ ನಡೆದದ್ದು ತರ್ಬೇಕಂತೆ."

ಅಳು ಬಂತು. ಸಿಟ್ಟೂ ಬಂತು. ಎಂಟು ಪುಟಕ್ಕೆ ನನ್ನನ್ನು ಅಷ್ಟು ಬೈದವರು, ಇನ್ನೂರು ಪುಟ ಮುಂದೆ ಓಡಿಹೋಗಿ, ಗೊತ್ತಿರುವ ಕತೆಯನ್ನು ಗೊತ್ತಿಲ್ಲದವರ ಹಾಗೆ ಕೇಳುತ್ತಿದ್ದರಲ್ಲ!

ಉಳಿದದ್ದನ್ನು ಆ ಜಗಲಿಯಲ್ಲೇ ಕೂತು ದೊಡ್ಡಕ್ಕೆ ಓದಿ ಮುಗಿಸಿದೆ. ಮೊನ್ನೆ ಲೈಬ್ರರಿಗೆ ಹೋಗಿ ನಿಜಸಂಗತಿಗಳ ಕಪಾಟಿನ ಮುಂದೆ ನಿಂತೆ. ಒಂದು ತೆಗೆದೆ, ಇಟ್ಟೆ. ಇನ್ನೊಂದು ತೆಗೆದೆ, ಇಟ್ಟೆ. ಮೂರನೆಯದರ ನಡುವಿನ ಪುಟ ತೆರೆದು ಓದಲು ಸುರು ಮಾಡಿದವಳು, ಅದು ಮುಗಿದಾಗ ರೂಢಿಯಂತೆ ಓರೆಗಣ್ಣಿನಲ್ಲಿ ಕೈ ನೋಡಿದೆ. ಇದ್ದದ್ದು ನನ್ನದೇ ಕೈ. ಪುಟದ ಮೂಲೆ ಮಡಚುತ್ತಿದ್ದ ಬೆರಳು ಅರ್ಧದಲ್ಲೇ ನಿಂತಿತ್ತು. ಅದನ್ನೇ ತಂದೆ.